ಎರಡು ಲೋಟ ನೀರು ಮತ್ತು ಎವರೆಟ್ ಬರೆದ 137 ಪುಟ

ಮೊನ್ನೆ ಶನಿವಾರದಿಂದ ಮನಸ್ಸು ಕುದಿಯುತ್ತಿದೆ. ಬರೆಯದೆ ಇದ್ದರೆ ಸಮಾಧಾನ ಆಗಲ್ಲ, ಅದಕ್ಕೇ ಬರೆಯುತ್ತಿದ್ದೇನೆ. ಉದ್ದ ಇದೆ. ಪುರುಸೊತ್ತಾದಾಗ ಓದಿ.

ತಂಗಿ ಮಗಳ ಕಾಲೇಜಿನಲ್ಲಿ ದ್ವಿತೀಯ ಪಿಯು ಮಕ್ಕಳಿಗೆ ಪರೀಕ್ಷೆಗೆ ಮುಂಚೆ ಧೈರ್ಯ ತುಂಬುವ ಕಾರ್ಯಕ್ರಮ ಇತ್ತು. ಮನೆಯವರೂ ಬರಬಹುದು ಅಂದಿದ್ದರು. ತಂಗಿಗೆ ರಜೆ ಸಿಗಲಿಲ್ಲ, ನಾನು ಹೋದೆ. ಬಂದಿದ್ದ ಭಾಷಣಕಾರರು ಮೊದಲ ಅರ್ಧ ಗಂಟೆ ಚೆನ್ನಾಗಿಯೇ ಮಾತಾಡಿದರು. ನಿದ್ದೆ ಕೆಡಬೇಡಿ, ಹಳೆ ಪ್ರಶ್ನೆಪತ್ರಿಕೆ ಬಿಡಿಸಿ, ಮೊಬೈಲ್ ದೂರ ಇಡಿ. ಎಲ್ಲಾ ಸರಿ. ಆಮೇಲೆ ಒಬ್ಬೊಬ್ಬ ವಿದ್ಯಾರ್ಥಿಗೂ ಎರಡೆರಡು ಪೇಪರ್ ಲೋಟ ಹಂಚಿಸಿದರು. ಒಂದರ ಮೇಲೆ ಈಗ ಬರುತ್ತಿರುವ ಮಾರ್ಕ್ಸ್ ಬರೆಯಬೇಕು, ಇನ್ನೊಂದರ ಮೇಲೆ ಬೇಕಾದ ಮಾರ್ಕ್ಸ್. ಮೊದಲನೆಯದಕ್ಕೆ ನೀರು ಹಾಕಿಕೊಂಡು, ಕಣ್ಣು ಮುಚ್ಚಿ, ಎರಡನೆಯದಕ್ಕೆ ಸುರಿದು ಕುಡಿಯಬೇಕು.

"ಇನ್ನೊಂದು ಲೋಕದಲ್ಲಿ ನೀವು ಈಗಾಗಲೇ ಡಾಕ್ಟರ್ ಆಗಿದ್ದೀರಿ. ಆ ಲೋಕಕ್ಕೆ ಜಿಗಿಯಿರಿ. ಇದು ನಾನು ಹೇಳ್ತಿರೋದಲ್ಲ, 1957ರಲ್ಲೇ ಎವರೆಟ್ ಅನ್ನೋ ವಿಜ್ಞಾನಿ ಪಿಎಚ್‌ಡಿ ಮಾಡಿ ಪ್ರೂವ್ ಮಾಡಿದ್ದಾರೆ" ಅಂದರು.

ಮಕ್ಕಳು ಚಪ್ಪಾಳೆ ತಟ್ಟಿದರು. ನನ್ನ ಪಕ್ಕದಲ್ಲಿ ಕೂತಿದ್ದ ಒಬ್ಬ ತಂದೆಯೂ ತಟ್ಟಿದರು. ಮುಂದಿನ ಸಾಲಿನ ಹುಡುಗಿಯೊಬ್ಬಳು ಲೋಟದ ಮೇಲೆ ಮೊದಲು 61 ಅಂತ ಬರೆದಿದ್ದಳು. ಯಾರಾದರೂ ನೋಡಿಯಾರು ಅಂತ ಹೆಬ್ಬೆರಳಿನಿಂದ ಮುಚ್ಚಿಕೊಂಡಿದ್ದಳು. ಎರಡನೆಯ ಲೋಟದ ಮೇಲೆ 95. ನೀರು ಸುರಿಯುವಾಗ ಅವಳ ಕೈ ನಡುಗುತ್ತಿತ್ತು. ಶಾಯಿ ಒದ್ದೆಯಾಗಿ 95 ಕದಡಿಹೋಯಿತು, ಅವಳ ಮುಖ ಸಣ್ಣದಾಯಿತು. ಆ ಮುಖ ನನಗೆ ಮರೆಯೋಕೆ ಆಗ್ತಿಲ್ಲ.

ನಿಮಗೆಲ್ಲ ಗೊತ್ತಿರುವ ಹಾಗೆ ಇಪ್ಪತ್ತನಾಲ್ಕು ವರ್ಷದಿಂದ ನಾನು ಫಿಸಿಕ್ಸ್ ಪಾಠ ಮಾಡುತ್ತಿದ್ದೇನೆ. ಎಂ.ಎಸ್ಸಿ. ಮಾಡುವಾಗ ನನಗೆ ರಾತ್ರಿ ನಿದ್ದೆ ಕೊಡದ ಒಂದೇ ಒಂದು ಬರಹ ಅಂದರೆ ಇದೇ ಎವರೆಟ್‌ನದು. ಅದಕ್ಕೇ ಇಷ್ಟು ಸಿಟ್ಟು. ಆ ಮನುಷ್ಯನಿಗೆ ಎರಡು ಸಲ ಅನ್ಯಾಯ ಆಗಿದೆ. ಆಗ ಅವನ ಬರಹಕ್ಕೆ ಕತ್ತರಿ ಹಾಕಿದರು, ಈಗ ಒಗ್ಗರಣೆ ಹಾಕುತ್ತಿದ್ದಾರೆ. ಬರೆದದ್ದನ್ನು ಬರೆದ ಹಾಗೆ ಓದುವವರು ಮಾತ್ರ ಆಗಲೂ ಕಮ್ಮಿ, ಈಗಲೂ ಕಮ್ಮಿ.

ಮೊದಲು ಅವನು ಕೇಳಿದ ಪ್ರಶ್ನೆ ಏನು ಅಂತ ಹೇಳ್ತೀನಿ. ರಾತ್ರಿ ಬಸ್ಸಿನಲ್ಲಿ ಕಿಟಕಿ ಪಕ್ಕ ಕೂತಿದ್ದೀರಿ ಅಂದುಕೊಳ್ಳಿ. ಗಾಜಿನಲ್ಲಿ ನಿಮ್ಮ ಮುಖವೂ ಕಾಣುತ್ತೆ, ಆಚೆ ಹೋಗುವ ಅಂಗಡಿ ದೀಪವೂ ಕಾಣುತ್ತೆ. ಅಂದರೆ ಗಾಜು ಸ್ವಲ್ಪ ಬೆಳಕನ್ನು ದಾಟಿಸುತ್ತೆ, ಸ್ವಲ್ಪವನ್ನು ವಾಪಸ್ ಕಳಿಸುತ್ತೆ. ಲ್ಯಾಬಿನಲ್ಲಿ ಅರ್ಧಕ್ಕರ್ಧ ದಾಟಿಸುವ ಗಾಜು ಇಟ್ಟು, ಬೆಳಕಿನ ಕಣಗಳನ್ನು ಒಂದೊಂದಾಗಿ ಬಿಡಬಹುದು. ಒಂದು ಕಣ ಅರ್ಧ ಆಗಲ್ಲ. ಆ ಕಡೆ ಒಂದು, ಈ ಕಡೆ ಒಂದು ಪತ್ತೆಯಂತ್ರ ಇಟ್ಟರೆ ಪ್ರತಿ ಸಲ ಒಂದು ಮಾತ್ರ ಟಕ್ ಅನ್ನುತ್ತೆ. ಎಂದೂ ಎರಡೂ ಅಲ್ಲ. ಆದರೆ ಯಂತ್ರ ತೆಗೆದು, ಎರಡೂ ದಾರಿಯನ್ನು ಮುಂದೆ ಮತ್ತೆ ಸೇರಿಸಿ ನೋಡಿ. ಆಗ ಬರುವ ಫಲಿತಾಂಶ ಆ ಒಂದೇ ಕಣ ಎರಡೂ ದಾರಿಯಲ್ಲಿ ಹೋಗಿತ್ತು ಅನ್ನುವ ಹಾಗೇ ಇರುತ್ತೆ.

ಇಂಥ ಕಣಗಳ ಲೆಕ್ಕ ಹಾಕುವ ಕ್ವಾಂಟಂ ಭೌತಶಾಸ್ತ್ರಕ್ಕೆ ಶ್ರೋಡಿಂಗರ್ 1926ರಲ್ಲಿ ಕೊಟ್ಟ ಸಮೀಕರಣ ಇದನ್ನು ಸರಿಯಾಗಿ ಹೇಳುತ್ತೆ: ಕಣವನ್ನು ಅದು ಅಲೆಯಾಗಿ ಬರೆಯುತ್ತೆ, ಆ ಅಲೆ ಎರಡೂ ದಾರಿಯಲ್ಲಿ ಸಾಗುತ್ತೆ. ಹಾಗಾದರೆ ಟಕ್ ಅನ್ನೋದು ಒಂದೇ ಯಾಕೆ? ಅದಕ್ಕೆ ಇನ್ನೊಂದು ನಿಯಮ ಜೋಡಿಸಿದ್ದರು. ಅಳತೆ ಮಾಡಿದ ಕ್ಷಣ ಅಲೆ ಕುಸಿದು ಒಂದೇ ಉಳಿಯುತ್ತೆ ಅಂತ. ಗಣಿತಜ್ಞ ಫಾನ್ ನಾಯ್ಮನ್ 1932ರ ಪುಸ್ತಕದಲ್ಲಿ ಎರಡೂ ನಿಯಮಗಳನ್ನು ಪಕ್ಕಪಕ್ಕ ಇಟ್ಟು ಬರೆದರು. ನೋಡದೆ ಇರುವಾಗ ಒಂದು ನಿಯಮ, ನೋಡಿದಾಗ ಇನ್ನೊಂದು. ನೋಡುವುದು ಅಂದರೆ ಏನು? ಯಾರು ನೋಡಬೇಕು? ಯಂತ್ರ ಸಾಕಾ, ಮನುಷ್ಯನೇ ಬೇಕಾ? ಉತ್ತರ ಇಲ್ಲ. ಐನ್‌ಸ್ಟೈನ್ 1954ರಲ್ಲಿ ಪ್ರಿನ್ಸ್‌ಟನ್‌ನಲ್ಲಿ ಮಾತಾಡುತ್ತಾ, ಒಂದು ಇಲಿ ಸುಮ್ನೆ ನೋಡಿದ ಮಾತ್ರಕ್ಕೆ ಇಡೀ ವಿಶ್ವ ಬದಲಾಗುತ್ತೆ ಅಂದರೆ ನಾನು ನಂಬಲಾರೆ ಎಂಬರ್ಥದ ಮಾತು ಹೇಳಿದರು. ಕೇಳುತ್ತಾ ಕೂತಿದ್ದವರಲ್ಲಿ ಹ್ಯೂ ಎವರೆಟ್ ಅನ್ನೋ ಇಪ್ಪತ್ತಮೂರರ ಹುಡುಗ ಇದ್ದ.

ಆ ಹುಡುಗ ಮಾಡಿದ್ದು ಇಷ್ಟೇ. ಎರಡನೆಯ ನಿಯಮ ಕಿತ್ತು ಹಾಕಿದ. ಹೊಸದೇನೂ ಸೇರಿಸಲಿಲ್ಲ, ದಯವಿಟ್ಟು ಇದನ್ನು ಗಮನಿಸಿ. ಸೇರಿಸಲಿಲ್ಲ, ತೆಗೆದ. ನೋಡುವವನೂ ಪರಮಾಣುಗಳಿಂದಲೇ ಆದವನು, ಅವನಿಗೂ ಅದೇ ಸಮೀಕರಣ ಹಚ್ಚೋಣ ಅಂದ. ಹಚ್ಚಿದರೆ ಏನಾಗುತ್ತೆ? ಕಣ ಎರಡೂ ಕಡೆ ಹೋಯಿತು. ಎಡದ ಯಂತ್ರ ಟಕ್ ಅಂದದ್ದನ್ನು ಕೇಳಿದ ನಾನು, ಬಲದ ಯಂತ್ರ ಟಕ್ ಅಂದದ್ದನ್ನು ಕೇಳಿದ ನಾನು, ಎರಡೂ ಲೆಕ್ಕದಲ್ಲಿ ಉಳಿಯುತ್ತವೆ. ಯಾವುದೂ ಅಳಿಸಿಹೋಗಲ್ಲ. ಎಡ ಕೇಳಿದವಳಿಗೆ ಎಡ ಮಾತ್ರ ನಿಜ, ಬಲ ಕೇಳಿದವಳಿಗೆ ಬಲ ಮಾತ್ರ ನಿಜ. ಅದಕ್ಕೆ ಅವನಿಟ್ಟ ಹೆಸರು ಸಾಪೇಕ್ಷ ಸ್ಥಿತಿ. 'ಅನೇಕ ಲೋಕಗಳು' ಅನ್ನೋ ಹೆಸರು ಅವನದಲ್ಲ, ಅದನ್ನು ಜನಪ್ರಿಯ ಮಾಡಿದ್ದು ಬ್ರೈಸ್ ಡಿವಿಟ್ ಅನ್ನೋ ಭೌತವಿಜ್ಞಾನಿ, ಹದಿಮೂರು ವರ್ಷ ಆದಮೇಲೆ.

ಈಗ ಆ ಲೋಟದ ವಿಷಯ, ಅಂದರೆ ಇನ್ನೊಂದು ಲೋಕಕ್ಕೆ ಜಿಗಿಯೋದು. ಕೆರೆಗೆ ಎರಡು ಕಲ್ಲು ಹಾಕಿ. ಎರಡು ಅಲೆಬಳೆ ಹುಟ್ಟುತ್ತವೆ, ಒಂದರೊಳಗೊಂದು ಹಾದು ಹೋಗುತ್ತವೆ, ಆಮೇಲೆ ಏನೂ ಆಗದ ಹಾಗೆ ತಮ್ಮ ತಮ್ಮ ದಾರಿ ಹಿಡಿಯುತ್ತವೆ. ಶ್ರೋಡಿಂಗರ್ ಸಮೀಕರಣದ ಗುಣವೂ ಅದೇ. ಎಡ ಕೇಳಿದ ನಾನು ಒಂದು ಕವಲು, ಬಲ ಕೇಳಿದ ನಾನು ಇನ್ನೊಂದು ಕವಲು. ಒಂದು ಕವಲು ಇನ್ನೊಂದನ್ನು ತಳ್ಳಲ್ಲ, ಎಳೆಯಲ್ಲ. ಅದರಲ್ಲೂ ಮನುಷ್ಯನಂಥ ದೊಡ್ಡ ವಸ್ತು ಒಮ್ಮೆ ಕವಲಾದರೆ, ಸುತ್ತಲಿನ ಗಾಳಿಯ ಅಣು, ಬೆಳಕು ಎಲ್ಲವೂ ಆ ಸುದ್ದಿಯನ್ನು ಹೊತ್ತು ಹೋಗಿಬಿಡುತ್ತವೆ. ಮತ್ತೆ ಎರಡನ್ನೂ ಒಂದು ಕಡೆ ತರೋಕೆ ಆಗಲ್ಲ. ಜರ್ಮನಿಯ ಡೀಟರ್ ಝೇ 1970ರಿಂದ ಬಿಡಿಸಿ ಹೇಳಿದ್ದು ಇದನ್ನೇ. ಎವರೆಟ್ ಅಂತೂ 1957ರ ಲೇಖನ ಅಚ್ಚಿಗೆ ಹೋಗುವ ಹೊತ್ತಲ್ಲಿ ಸೇರಿಸಿದ ಅಡಿಟಿಪ್ಪಣಿಯಲ್ಲೇ ಸ್ಪಷ್ಟವಾಗಿ ಬರೆದಿದ್ದಾನೆ: ಒಂದು ಕವಲಿನಿಂದ ಇನ್ನೊಂದರ ಮೇಲೆ ಯಾವ ಪರಿಣಾಮವೂ ಇಲ್ಲ, ಹಾಗಾಗಿ ಕವಲಾದದ್ದು ಯಾರ ಅನುಭವಕ್ಕೂ ಬರಲ್ಲ.

ಯಾವ ಪರಿಣಾಮವೂ ಇಲ್ಲ! ಯಾವ ಗಣಿತ ಆ ಇನ್ನೊಂದು ಕವಲನ್ನು ಕೊಡುತ್ತೋ ಅದೇ ಗಣಿತ ಅಲ್ಲಿಗೆ ಬಾಗಿಲು ಇಲ್ಲ ಅಂತಲೂ ಹೇಳುತ್ತೆ. ಮೊದಲರ್ಧ ಇಟ್ಟುಕೊಂಡು ಎರಡನೆಯರ್ಧ ಬಿಸಾಕೋಕೆ ಆಗಲ್ಲ. ಹಾಗಿರುವಾಗ ಅವನ ಹೆಸರು ಹೇಳಿ ಹದಿನೇಳು ವರ್ಷದ ಮಕ್ಕಳ ಕೈಯಲ್ಲಿ ಲೋಟ ಕೊಡ್ತಾರಲ್ಲ! ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಅಂದ ಹಾಗೆ, ಸಭೆಯಲ್ಲಿ ಅಷ್ಟು ಜನ ದೊಡ್ಡವರಿದ್ದರೂ ಒಬ್ಬರೂ ಪ್ರಶ್ನೆ ಕೇಳಲಿಲ್ಲ. ನಾನೂ ಕೇಳಲಿಲ್ಲ. ತಂಗಿ ಮಗಳಿಗೆ ಮುಜುಗರ ಆಗುತ್ತೆ ಅಂತ ಸುಮ್ನೆ ಕೂತೆ. ಅದೂ ಈಗ ಚುಚ್ಚುತ್ತಿದೆ.

ಹಳೆ ಅನ್ಯಾಯದ ಕಥೆಯನ್ನೂ ಹೇಳಿಬಿಡ್ತೀನಿ. ಎವರೆಟ್ 1956ರ ಶುರುವಿಗೆ 137 ಪುಟದ ಪ್ರಬಂಧ ಬರೆದುಕೊಟ್ಟ. ಒಂದು ಕರಡಿನಲ್ಲಿ ಬುದ್ಧಿಯುಳ್ಳ ಅಮೀಬಾ ಒಂದರ ಹೋಲಿಕೆ ಇತ್ತು. ಅದು ಎರಡಾಗುತ್ತೆ, ಎರಡಕ್ಕೂ ಹಿಂದಿನ ನೆನಪು ಒಂದೇ, ಇನ್ನು ಮುಂದಿನದು ಬೇರೆ ಬೇರೆ. ಎಷ್ಟು ಚೆಂದದ ಹೋಲಿಕೆ ನೋಡಿ. ಮಕ್ಕಳಿಗೂ ತಿಳಿಯುತ್ತೆ. ಅವನ ಗೈಡ್ ಜಾನ್ ವೀಲರ್‌ಗೆ ಅದು ಹಿಡಿಸಲಿಲ್ಲ. 'ಒಡೆಯುವುದು' ಅನ್ನೋ ಮಾತೂ ಹಿಡಿಸಲಿಲ್ಲ. ವೀಲರ್ ಕೆಟ್ಟವರಲ್ಲ, ಶಿಷ್ಯನ ಬುದ್ಧಿಯನ್ನು ಮೆಚ್ಚಿದವರು. ಆದರೆ ಅವರ ಗುರು ನೀಲ್ಸ್ ಬೋರ್. 1939ರಲ್ಲಿ ಇಬ್ಬರೂ ಸೇರಿ ಪರಮಾಣು ವಿದಳನದ ಸಿದ್ಧಾಂತ ಬರೆದಿದ್ದರು. ಎವರೆಟ್ ಟೀಕೆ ಮಾಡಿದ್ದು ಅದೇ ಬೋರ್ ಕಟ್ಟಿದ ಕೋಪನ್‌ಹೇಗನ್ ಪಂಥವನ್ನು, ಅಂದರೆ ಕ್ವಾಂಟಂ ಭೌತಶಾಸ್ತ್ರವನ್ನು ಅರ್ಥ ಮಾಡಿಕೊಳ್ಳೋಕೆ ಆಗ ಎಲ್ಲರೂ ಹಿಡಿದಿದ್ದ ದಾರಿಯನ್ನು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅನ್ನೋ ಸ್ಥಿತಿ ವೀಲರ್‌ಗೆ.

1956ರಲ್ಲಿ ಅವರೇ ಪ್ರಬಂಧ ಹಿಡಿದು ಕೋಪನ್‌ಹೇಗನ್‌ಗೆ ಹೋದರು. ಅಲ್ಲಿನವರು ಚರ್ಚೆಯನ್ನೇನೋ ಮಾಡಿದರು. ಆದರೆ ಅಲ್ಲಿದ್ದ ಅಲೆಕ್ಸಾಂಡರ್ ಸ್ಟರ್ನ್ ಇದು ಭೌತಶಾಸ್ತ್ರವಲ್ಲ, ದೇವತಾಶಾಸ್ತ್ರ ಎಂಬರ್ಥದ ಕಾಗದ ಬರೆದರು. ಆಮೇಲೆ ಕತ್ತರಿ. 1957ರಲ್ಲಿ ಪದವಿಗೆ ಒಪ್ಪಿಸಿದ್ದು ಮೊದಲಿನದರ ಸುಮಾರು ಕಾಲು ಭಾಗ. ಅದೇ ವರ್ಷ ಜುಲೈನಲ್ಲಿ ರಿವ್ಯೂಸ್ ಆಫ್ ಮಾಡರ್ನ್ ಫಿಸಿಕ್ಸ್‌ನಲ್ಲಿ ಅಚ್ಚಾದದ್ದು ಒಂಬತ್ತು ಪುಟ. ಅಮೀಬಾ ಇಲ್ಲ. ಗುರುಗಳಿಗೆ ನೋವಾಗುವ ಮಾತಿಲ್ಲ. ಓದಿದರೆ ಯಾರಿಗೂ ಏನೂ ಅನ್ನಿಸದ ಹಾಗೆ ಆಗಿತ್ತು.

ಹಸ್ತಪ್ರತಿ ಓದಿದ ಡಿವಿಟ್ ಒಂದು ಮಾತು ಕೇಳಿದರು. ನಾನು ಕವಲಾಗುತ್ತಿರುವುದು ನನಗೆ ತಿಳಿಯುತ್ತಿಲ್ಲವಲ್ಲ? ಎವರೆಟ್ ಉತ್ತರ ಕೊಟ್ಟ: ಭೂಮಿ ತಿರುಗುತ್ತಿರುವುದು ನಿಮಗೆ ತಿಳಿಯುತ್ತಾ? ಕೋಪರ್ನಿಕಸ್‌ಗೂ ಜನ ಇದನ್ನೇ ಕೇಳಿದ್ದರು. ಯಾಕೆ ತಿಳಿಯಲ್ಲ ಅಂತ ಆಮೇಲೆ ನ್ಯೂಟನ್ ಭೌತಶಾಸ್ತ್ರವೇ ಹೇಳಿತು. ಡಿವಿಟ್ ಸೋಲೊಪ್ಪಿಕೊಂಡರು. ಪ್ರಶ್ನೆ ಕೇಳಿ, ಉತ್ತರ ಕೇಳಿಸಿಕೊಂಡು, ಮನಸ್ಸು ಬದಲಿಸಿದ ಅಪರೂಪದ ಮನುಷ್ಯ. ಕೊನೆಗೆ 1970ರಲ್ಲಿ ಫಿಸಿಕ್ಸ್ ಟುಡೇ ಪತ್ರಿಕೆಯಲ್ಲಿ ಇದರ ಬಗ್ಗೆ ಬರೆದವರೂ ಅವರೇ, 1973ರಲ್ಲಿ ಆ ಉದ್ದ ಪ್ರಬಂಧವನ್ನು ಪೂರ್ತಿ ಅಚ್ಚು ಹಾಕಿಸಿದವರೂ ಅವರೇ. ಅಂದರೆ ಹದಿನೇಳು ವರ್ಷ ಅದು ಕತ್ತಲಲ್ಲಿ ಇತ್ತು.

ಅಷ್ಟರಲ್ಲಿ ಆ ಹುಡುಗ ಹೊರಟು ಹೋಗಿದ್ದ. 1956ರಲ್ಲೇ ಅಮೆರಿಕದ ರಕ್ಷಣಾ ಇಲಾಖೆಯ ಕಚೇರಿ ಪೆಂಟಗನ್ನಿನಲ್ಲಿ ಆಯುಧಗಳ ಲೆಕ್ಕ ಹಾಕುವ ಕೆಲಸಕ್ಕೆ ಸೇರಿದ್ದ. ಅಣುಬಾಂಬು ಬಿದ್ದರೆ ವಿಕಿರಣದ ದೂಳಿನಿಂದ ಎಷ್ಟು ಜನ ಸಾಯುತ್ತಾರೆ ಅನ್ನೋ ಲೆಕ್ಕ. ಸಹೋದ್ಯೋಗಿ ಜಾರ್ಜ್ ಪ್ಯೂ ಜೊತೆ ಅವನು ಮಾಡಿದ ಆ ಲೆಕ್ಕವನ್ನು ರಸಾಯನವಿಜ್ಞಾನಿ ಲೈನಸ್ ಪಾಲಿಂಗ್ ತಮ್ಮ ಶಾಂತಿ ನೊಬೆಲ್ ಭಾಷಣದಲ್ಲಿ ಉಲ್ಲೇಖಿಸಿದರು. 1959ರಲ್ಲಿ ಅವನೇ ಕೋಪನ್‌ಹೇಗನ್‌ಗೆ ಹೋಗಿ ಬೋರ್ ಎದುರು ಕೂತ. ಏನೂ ಗಿಟ್ಟಲಿಲ್ಲ. ಹೋಟೆಲಿಗೆ ವಾಪಸ್ ಬಂದು, ಹೋಟೆಲಿನ ಕಾಗದದ ಮೇಲೆ ಬೇರೆಯದೇ ಗಣಿತ ಬರೆದ. ಇರುವ ಸಂಪನ್ಮೂಲವನ್ನು ಹೇಗೆ ಹಂಚಿದರೆ ಹೆಚ್ಚು ಪ್ರಯೋಜನ ಅನ್ನೋ ಲೆಕ್ಕಾಚಾರದ ವಿಧಾನ ಅದು. ಮುಂದೆ ಅವನ ಜೀವನ ನಡೆದದ್ದು ಅದರಿಂದ. ಕ್ವಾಂಟಂ ಬಗ್ಗೆ ಮತ್ತೊಂದು ಲೇಖನವನ್ನೂ ಪ್ರಕಟಿಸಲಿಲ್ಲ. 1977ರಲ್ಲಿ ಟೆಕ್ಸಾಸಿನ ಆಸ್ಟಿನ್‌ಗೆ ಕರೆಸಿ ಮಾತಾಡಿಸಿದರು. ಅಲ್ಲಿ ಊಟದ ಹೊತ್ತಲ್ಲಿ ಪಕ್ಕದಲ್ಲಿ ಕೂತ ಡೇವಿಡ್ ಡಾಯ್ಚ್ ಅನ್ನೋ ಯುವಕ 1985ರಲ್ಲಿ ಕ್ವಾಂಟಂ ಕಂಪ್ಯೂಟರಿನ ಮೂಲ ಲೇಖನ ಬರೆದ. ಅದನ್ನು ನೋಡೋಕೆ ಎವರೆಟ್ ಇರಲಿಲ್ಲ. 1982ರ ಜುಲೈನಲ್ಲಿ, 51ನೇ ವಯಸ್ಸಿಗೆ, ಹೃದಯಾಘಾತದಿಂದ ಹೋಗಿಬಿಟ್ಟ.

ಇದನ್ನು ಬರೆಯುವಾಗ ಗಂಟಲು ಕಟ್ಟುತ್ತೆ. ಯಾಕೆ ಅಂತ ಹೇಳಲೇಬೇಕು.

ಹನ್ನೆರಡು ವರ್ಷದ ಹಿಂದೆ ನನ್ನ ತರಗತಿಯಲ್ಲಿ ಒಬ್ಬ ಹುಡುಗ ಇದ್ದ. ಹಳ್ಳಿಯಿಂದ ಮೊದಲ ಬಸ್ಸಿಗೆ ಬರುತ್ತಿದ್ದ, ಕೊನೆಯ ಬೆಂಚು. ದ್ವಂದ್ವ ಸ್ವರೂಪದ ಪಾಠ, ಅಂದರೆ ಕಣವೂ ಹೌದು ಅಲೆಯೂ ಹೌದು ಅನ್ನೋ ಪಾಠ, ನಡೆಯುತ್ತಿತ್ತು. ಎದ್ದು ನಿಂತು ಕೇಳಿದ, "ಮೇಡಂ, ನೋಡಿದ ಮೇಲೆ ಉಳಿದ ಅಲೆ ಎಲ್ಲಿಗೆ ಹೋಗುತ್ತೆ?" ಎವರೆಟ್ ಕೇಳಿದ ಪ್ರಶ್ನೆ ಅದೇ. ನನಗೆ ಗೊತ್ತಿತ್ತು ಅದು ಎಷ್ಟು ದೊಡ್ಡ ಪ್ರಶ್ನೆ ಅಂತ. ಆದರೆ ಪೋರ್ಷನ್ ಮುಗಿದಿರಲಿಲ್ಲ, ಪ್ರಿಪರೇಟರಿಗೆ ಹತ್ತು ದಿನ ಇತ್ತು. "ಅದೆಲ್ಲ ಸಿಇಟಿಗೆ ಬರಲ್ಲ, ಕೂತ್ಕೋ" ಅಂದೆ. ಮಕ್ಕಳು ನಕ್ಕರು. ಅವನು ಕೂತ. ಆಮೇಲೆ ವರ್ಷ ಮುಗಿಯುವವರೆಗೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ವೀಲರ್ ಕೈಯಲ್ಲಿದ್ದ ಕತ್ತರಿ ಬಗ್ಗೆ ಇಷ್ಟು ಮಾತಾಡುವ ನನ್ನ ಕೈಯಲ್ಲೂ ಆ ದಿನ ಒಂದು ಕತ್ತರಿ ಇತ್ತು. ಆ ಹುಡುಗನಿಗೆ ನಾನು ಅವತ್ತು ಹತ್ತು ನಿಮಿಷ ಕೊಡಬೇಕಿತ್ತು.

ಶನಿವಾರ ರಾತ್ರಿ ಸಹೋದ್ಯೋಗಿಯೊಬ್ಬರಿಗೆ ಫೋನ್ ಮಾಡಿ ಲೋಟದ ಕಥೆ ಹೇಳಿದೆ. "ಹೋಗ್ಲಿ ಬಿಡಿ ಮೇಡಂ, ಮಕ್ಕಳಿಗೆ ನಾಲ್ಕು ದಿನ ಧೈರ್ಯ ಬರುತ್ತಲ್ಲ, ನಿಮಗೇನು ನಷ್ಟ?" ಅಂದರು. ನನಗಲ್ಲ ನಷ್ಟ. ಲೋಟದ ಮೇಲೆ 95 ಬರೆದ ಆ ಹುಡುಗಿಗೆ 64 ಬಂತು ಅಂದುಕೊಳ್ಳಿ. ಅವಳು ಓದು ಸಾಲಲಿಲ್ಲ ಅಂದುಕೊಳ್ಳಲ್ಲ. ನನಗೆ ಸರಿಯಾಗಿ ಜಿಗಿಯೋಕೆ ಬರಲಿಲ್ಲ, ನನ್ನ ನಂಬಿಕೆಯಲ್ಲೇ ಏನೋ ಕೊರತೆ ಅಂದುಕೊಳ್ಳುತ್ತಾಳೆ. ಜೊತೆಗೆ ಇದನ್ನು ವಿಜ್ಞಾನವೇ ಹೇಳಿದೆ ಅಂತ ಅವಳಿಗೆ ಮೊದಲೇ ಹೇಳಿಯಾಗಿದೆ. ಅಳುವ ಮಗುವಿಗೆ ಧೈರ್ಯ ಹೇಳಬೇಕು ನಿಜ. ಅದಕ್ಕೆ ಅಜ್ಜಿಯ ಕೈ ಸಾಕು, ದೇವರಿಗೆ ಒಂದು ದೀಪ ಸಾಕು. ಅದಕ್ಕೆಲ್ಲ ನನ್ನ ತಕರಾರಿಲ್ಲ. ಎವರೆಟ್ ಹೆಸರು ಯಾಕೆ ಬೇಕು?

ಇನ್ನು ಕೆಲವರು ಇನ್ನೊಂದು ತುದಿಯಿಂದ ಬರ್ತೀರಿ, ಗೊತ್ತು. ಅದೂ ಬರೀ ಊಹೆಯೇ ಅಲ್ವಾ, ಪ್ರೂವ್ ಆಗಿಲ್ಲವಲ್ಲ ಅಂತ. ಹೌದು, ಆಗಿಲ್ಲ. ಭೌತವಿಜ್ಞಾನಿಗಳಲ್ಲೇ ಇದನ್ನು ಒಪ್ಪದವರು ಬಹಳ ಜನ. ಅವರ ಒಂದು ಆಕ್ಷೇಪ ನನಗೂ ಗಟ್ಟಿ ಅನ್ನಿಸುತ್ತೆ. ಗಾಜು ನೂರರಲ್ಲಿ ಎಪ್ಪತ್ತು ಕಣ ದಾಟಿಸಿ, ಮೂವತ್ತು ವಾಪಸ್ ಕಳಿಸುತ್ತೆ ಅಂದುಕೊಳ್ಳಿ. ಪ್ರತಿ ಸಲ ಎರಡೂ ಆಗುತ್ತೆ ಅಂದಮೇಲೆ ಈ ಎಪ್ಪತ್ತು, ಮೂವತ್ತು ಅನ್ನೋದಕ್ಕೆ ಅರ್ಥ ಏನು? ಎವರೆಟ್ ಒಂದು ಉತ್ತರ ಕೊಟ್ಟಿದ್ದ. ಅದು ಸಾಲದು ಅಂದವರಿದ್ದಾರೆ, ಡಾಯ್ಚ್ ಮುಂತಾದವರು ಬೇರೆ ಉತ್ತರ ಕೊಟ್ಟಿದ್ದಾರೆ, ಜಗಳ ಮುಗಿದಿಲ್ಲ. ಇದು ಓದಿ ಮಾಡುವ ಜಗಳ, ಇದಕ್ಕೆ ನನ್ನ ಗೌರವ ಇದೆ. ಆದರೆ ಪ್ರೂವ್ ಆಗಿಲ್ಲ ಅಂದ ತಕ್ಷಣ ಆ ಪ್ರಬಂಧ ಕಸ ಆಗಲ್ಲ. 1999ರಲ್ಲಿ ವಿಯೆನ್ನಾದಲ್ಲಿ ಅರುವತ್ತು ಕಾರ್ಬನ್ ಪರಮಾಣು ಸೇರಿ ಆದ ಚೆಂಡಿನಂಥ ಅಣುವೊಂದು ಅಲೆಯಂತೆ ನಡೆದುಕೊಂಡದ್ದನ್ನು ತೋರಿಸಿದರು. ಆಮೇಲೆ ಇನ್ನೂ ದೊಡ್ಡ ದೊಡ್ಡ ಅಣುಗಳಲ್ಲೂ ತೋರಿಸಿದ್ದಾರೆ. ಇಲ್ಲಿಗೆ ಅಲೆಯ ನಿಯಮ ನಿಂತಿತು ಅನ್ನೋ ಗಡಿ ಇದುವರೆಗೆ ಸಿಕ್ಕಿಲ್ಲ. ಗಡಿಯೇ ಇಲ್ಲದಿದ್ದರೆ? ಅವನು ಕೇಳಿದ್ದು ಅದನ್ನೇ.

ಕಾರ್ಯಕ್ರಮ ಮುಗಿಸಿ ಬಸ್ಸಿನಲ್ಲಿ ಬರುವಾಗ ತಂಗಿ ಮಗಳು ಬಹಳ ಹೊತ್ತು ಸುಮ್ಮನಿದ್ದಳು. ನಾನೂ ಮಾತಾಡಿಸಲಿಲ್ಲ. ಬೈಪಾಸ್ ದಾಟಿದ ಮೇಲೆ ಕೇಳಿದಳು, "ದೊಡ್ಡಮ್ಮ, ನಾನು ಆ ಲೋಕಕ್ಕೆ ಹೋದರೆ ಅಲ್ಲಿ ಮೊದಲೇ ಇದ್ದವಳು ಎಲ್ಲಿಗೆ ಹೋಗ್ತಾಳೆ?"

ನನಗೆ ಎಷ್ಟು ಖುಷಿ ಆಯ್ತು ಅಂದರೆ, ಅಲ್ಲೇ ಅವಳ ಕೈ ಹಿಡಿದುಕೊಂಡೆ. ಅಷ್ಟು ದೊಡ್ಡ ಸಭೆಯಲ್ಲಿ ಯಾರೂ ಕೇಳದ ಪ್ರಶ್ನೆ. ಕತ್ತಲಾಗಿತ್ತು. ಕಿಟಕಿ ಗಾಜು ತೋರಿಸಿದೆ. "ನೋಡು ಪುಟ್ಟಿ, ನಿನ್ನ ಮುಖವೂ ಕಾಣ್ತಿದೆ, ಆಚೆ ದೀಪವೂ ಕಾಣ್ತಿದೆ" ಅಂತ ಶುರು ಮಾಡಿದೆ. ನಮ್ಮ ಸ್ಟಾಪ್ ಬರುವಷ್ಟರಲ್ಲಿ ಕೆರೆಯ ಅಲೆಯವರೆಗೆ ಬಂದಿದ್ದೆವು. ಮನೆಗೆ ಹೋಗಿ ಅಡಿಟಿಪ್ಪಣಿಯನ್ನು ಇಬ್ಬರೂ ಕೂತು ಓದಿದೆವು. ಇಂಗ್ಲಿಷ್ ಕಷ್ಟ ಆಯಿತು ಅವಳಿಗೆ, ಒಂದೊಂದು ಸಾಲನ್ನೂ ಕನ್ನಡದಲ್ಲಿ ಹೇಳಿಕೊಟ್ಟೆ. ಕೋಪರ್ನಿಕಸ್ ಬಂದ ಕಡೆ ಪೆನ್ಸಿಲಿನಲ್ಲಿ ಗೆರೆ ಎಳೆದಳು.

ಇಲ್ಲಿ ನನ್ನ ಹಳೆ ವಿದ್ಯಾರ್ಥಿಗಳು ಬಹಳ ಜನ ಇದ್ದೀರಿ. ಕೊನೆಯ ಬೆಂಚಿನ ಆ ಹುಡುಗ ಈಗ ಎಲ್ಲಿದ್ದಾನೆ ನನಗೆ ಗೊತ್ತಿಲ್ಲ. ನಿಮಗ್ಯಾರಿಗಾದರೂ ಗೊತ್ತಿದ್ದರೆ ಅವನಿಗೆ ಇದನ್ನು ತಲುಪಿಸಿ. ಒಂಬತ್ತು ಪುಟದ ಲೇಖನದ ಎರಡು ಪ್ರತಿ ಪ್ರಿಂಟ್ ತೆಗೆಸಿದ್ದೇನೆ. ಒಂದು ತಂಗಿ ಮಗಳ ಹತ್ತಿರ ಇದೆ. ಇನ್ನೊಂದು ಅವನಿಗೆ.